ಬೈಯಲು ಬಾರದ ಮನೆಯ ಮುರ್ಸು

ಓರ್ಮಾಳದಲ್ಲಿ ಮನುಷ್ಯರು ಒರಟಾಗಿದ್ದರೆ ಯಾರೂ ತಲೆ ಕೆಡಿಸಿಕೊಳ್ಳುವುದಿಲ್ಲ. ಮುರ್ಸು ಸಪ್ಪೆಯಾದರೆ ಮಾತ್ರ ಮನೆಯ ಮಾನ ಹೋಗುತ್ತದೆ. ಯೆಂದ್ರಾಳ ಮನೆಯ ಮಾನ ಎರಡು ವರ್ಷದಿಂದ ಹೋಗುತ್ತಲೇ ಇತ್ತು.

ಮುರ್ಸು ಹಾಕುವುದೇನೂ ಮಹಾ ವಿದ್ಯೆಯಲ್ಲ. ಕೆರೆಯ ಸಣ್ಣ ಮೀನು, ಹುಳಿಹಣ್ಣು, ಕಲ್ಲುಪ್ಪು ಇಷ್ಟನ್ನೂ ಮಣ್ಣಿನ ಜಾಡಿಗೆ ತುಂಬಿ, ಒಲೆಯ ಹಿಂದಿನ ಗುಳಿಯಲ್ಲಿ ನಲವತ್ತು ದಿನ ಹುದುಗಲು ಬಿಟ್ಟರಾಯಿತು. ಕಷ್ಟವಿರುವುದು ಬೈಗುಳದಲ್ಲಿ. ದಿನಾ ಬೆಳಗ್ಗೆ ಗಂಡ ಹೆಂಡತಿ ಒಬ್ಬರಾದ ಮೇಲೊಬ್ಬರು ಮುಚ್ಚಳ ಸರಿಸಿ, ಜಾಡಿಯೊಳಗೆ ಬಾಯಿಟ್ಟು, ಒಬ್ಬರ ಮೇಲೊಬ್ಬರಿಗಿರುವ ಸಿಟ್ಟನ್ನು ಹೇಳಬೇಕು. ನಿಜವಾದ ಸಿಟ್ಟೇ ಆಗಬೇಕು, ಸುಳ್ಳು ಸಿಟ್ಟಿಗೆ ಮುರ್ಸು ಉಕ್ಕುವುದಿಲ್ಲ. ಒಬ್ಬರು ಹೇಳುವಾಗ ಇನ್ನೊಬ್ಬರು ಅಂಗಳದಲ್ಲಿರಬೇಕು. ಏನಂದೆ ಎಂದು ಆಮೇಲೆ ಒಬ್ಬರನ್ನೊಬ್ಬರು ಕೇಳುವಂತಿಲ್ಲ. ಮೂರು ವರ್ಷ ಸಪ್ಪೆಯಾದ ಜಾಡಿಯನ್ನು ಊರೆದುರು ಒಡೆಯುತ್ತಾರೆ. ಅಲ್ಲಿಂದಾಚೆಗೆ ಆ ಮನೆಯವರಿಗೆ ಊರ ಪಂಕ್ತಿಯಲ್ಲಿ ಎಲೆ ಹಾಕುವುದಿಲ್ಲ, ಮಕ್ಕಳು ಮೊಮ್ಮಕ್ಕಳ ಕಾಲಕ್ಕೂ ಅವರು ಸಪ್ಪೆಮನೆಯವರೇ. ಹೀಗಾಗಿ ಓರ್ಮಾಳದಲ್ಲಿ ಹೊಂದಿಕೊಂಡು ಬಾಳುವ ದಂಪತಿಗಳನ್ನು ಕಂಡರೆ ಜನ ಅಯ್ಯೋ ಪಾಪ ಅನ್ನುತ್ತಾರೆ.

ಈಗ ಮೂರನೆಯ ವರ್ಷ. ಪಕ್ಕದ ಮನೆಯಲ್ಲಿದ್ದ ಅತ್ತೆ ಬ್ರಸ್ಕಾ ಊರುಗೋಲು ಕುಟ್ಟುತ್ತ ಬಂದು ಜಾಡಿಗೆ ಕಿವಿಯಿಟ್ಟಳು.

"ಹತ್ತು ದಿನ ಆಯ್ತು, ಒಂದು ಗುಳ್ಳೆ ಇಲ್ಲ! ಹೆಣ ಬಿದ್ದಂಗೆ ಬಿದ್ದದೆ. ಏನೇ ಹೇಳ್ತೀಯ ನೀನು ಇದಕ್ಕೆ, ಜೋಗುಳ ಹಾಡ್ತೀಯಾ?"

"ಬೈತಾನೇ ಇದೀನಿ ಅತ್ತೆ."

"ಏನಂತ?"

"ಒದ್ದೆ ಕಾಲಲ್ಲಿ ಒಳಗೆ ಬರ್ತಾನೆ ಅಂತ."

ಬ್ರಸ್ಕಾ ಹಣೆ ಚಚ್ಚಿಕೊಂಡಳು. "ಒದ್ದೆ ಕಾಲಂತೆ! ನಿನ್ನ ಮಾವನ್ನ ನಾನು ಬೈದ ಬೈಗುಳಕ್ಕೆ ಜಾಡಿ ಮುಚ್ಚಳ ಹಾರಿ ತೊಲೆಗೆ ಬಡೀತಿತ್ತು. ಇಪ್ಪತ್ತು ವರ್ಷ ಬಾಯಿಹಬ್ಬದ ಪಂಕ್ತೀಲಿ ಮೊದಲನೇ ಎಲೆ ನಮ್ಮದೇ. ಆ ಪುಣ್ಯಾತ್ಮನೂ ನನ್ನ ಕಮ್ಮಿ ಬೈದವನಲ್ಲ. ಅದು ಸಂಸಾರ ಅಂದ್ರೆ! ನನ್ನ ಮಗ ಪಾಪ ಏನು ಬೈತಾನೋ ಏನೋ, ನಿನ್ನ ನಾಲಿಗೇಲಿ ಸತ್ವ ಇಲ್ಲದಿದ್ರೆ ಅವನೊಬ್ಬ ಏನು ಮಾಡ್ಯಾನು?"

ಊರೆಲ್ಲ ಹೇಳುವುದೂ ಇದನ್ನೇ. ಕೆರೆಯ ಆಚೆ ದಡದಿಂದ ತಂದ ಹೆಣ್ಣು, ನಾಲಿಗೆ ಮೆತ್ತಗೆ, ಮನೆ ಮುಳುಗಿಸಿದಳು. ಯೆಂದ್ರಾ ಎರಡು ವರ್ಷ ಇದನ್ನೆಲ್ಲ ನುಂಗಿಕೊಂಡಿದ್ದಳು. ಅವಳ ಗಂಡ ತೋಮೆಲ್ ಅಂಥ ಮನುಷ್ಯ. ಏಡಿ ಹಿಡಿದು ತಂದರೆ ಕೊಂಡಿ ಅವಳಿಗೆ, ಚಿಪ್ಪು ತನಗೆ. ಬೈಯುವುದಾದರೂ ಏನನ್ನು? ಅವಳು ಅತ್ತ ದಿನಗಳಲ್ಲೆಲ್ಲ ಅವನು ಪಕ್ಕದಲ್ಲಿ ಕೂತು ಬೆನ್ನು ಸವರುತ್ತಿದ್ದ. "ನೀನೇನು ಮಾಡೋಕಾಗತ್ತೆ ಬಿಡು, ನಿನ್ನ ಗುಣವೇ ಹಾಗೆ" ಅನ್ನುತ್ತಿದ್ದ.

ಮರುದಿನ ಬೆಳಗ್ಗೆ ತೋಮೆಲ್ ಜಾಡಿಯ ಮುಂದೆ ಕೂತಾಗ ಯೆಂದ್ರಾ ಅಂಗಳಕ್ಕೆ ಹೋದಳು. ಬಲೆ ಒಣಹಾಕಲು ಹಗ್ಗ ಬೇಕಾಗಿತ್ತು. ಹಗ್ಗವಿದ್ದದ್ದು ಅಡುಗೆಮನೆಯ ಗೋಡೆಯ ಹೊರಬದಿಯಲ್ಲಿ, ಗೋಡೆಯೋ ಬರೀ ಜೊಂಡಿನದು.

"ನಮ್ಮ ಯೆಂದ್ರಾ ಚಿನ್ನದಂಥವಳು," ಅನ್ನುತ್ತಿದ್ದ ತೋಮೆಲ್ ಜಾಡಿಗೆ. "ನಿನ್ನೆ ಎಷ್ಟು ಚೆನ್ನಾಗಿ ಮೀನು ಸುಟ್ಟಿದ್ಲು ಗೊತ್ತಾ? ಅವಳ ಮೇಲೆ ನಂಗೇನೂ ಸಿಟ್ಟಿಲ್ಲಪ್ಪ. ನೀನೇ ಹೇಗಾದ್ರೂ ಅಡ್ಜಸ್ಟ್ ಮಾಡ್ಕೊ."

ಯೆಂದ್ರಾ ಹಗ್ಗವನ್ನು ಅಲ್ಲೇ ಬಿಟ್ಟಳು. ಅವಳು ಬೆಳಗಾಗೆದ್ದು ಒದ್ದೆ ಕಾಲನ್ನಾದರೂ ಹುಡುಕಿ ಹುಡುಕಿ ಹುಳಿ ಹಿಂಡುವುದು, ಅವನು ಬಂದು ಅದರ ಮೇಲೆ ಜೇನು ಸುರಿಯುವುದು! ಎರಡು ವರ್ಷ ಇದೇ ಕೆಲಸ. ಊರು ಉಗಿದದ್ದು ಮಾತ್ರ ಅವಳ ಮುಖಕ್ಕೆ. ಅವನು ಬಾಯಿಬಿಟ್ಟು ತಪ್ಪು ನನ್ನದು ಅನ್ನಲಿಲ್ಲ, ಬೆನ್ನು ಸವರಿದ. ಎದುರು ನಿಂತು ಕೇಳೋಣವೆಂದರೆ ಜಾಡಿಯ ಮಾತು, ಕೇಳುವಂತಿಲ್ಲ. ಕದ್ದು ಕೇಳಿದ್ದು ಗೊತ್ತಾದರೆ ಜಾಡಿಯನ್ನು ಅವತ್ತೇ ಒಡೆಯುತ್ತಾರೆ.

ಉಳಿದದ್ದು ಜಾಡಿಯೊಂದೇ.

ಅವತ್ತು ಅವಳು ಜಾಡಿಯೊಳಗೆ ಬಾಯಿಟ್ಟವಳು ಒಲೆ ಆರುವವರೆಗೂ ತೆಗೆಯಲಿಲ್ಲ. "ಒಳ್ಳೇವನಂತೆ ಒಳ್ಳೇವನು! ನಿನ್ನ ಒಳ್ಳೇತನಕ್ಕೆ ಬೆಂಕಿ ಹಾಕ! ನೀನು ಒಳ್ಳೇವನಾಗಿ ಉಳಿಯೋಕೆ ನಾನು ಊರ ಬಾಯಿಗೆ ಬೀಳಬೇಕೇನೋ, ಹೇಡಿ?" ಅಲ್ಲಿಂದ ಶುರುವಾಗಿ ಅವನು ಅಗಿಯುವ ಸದ್ದಿನವರೆಗೂ ಹೋದಳು. ಹುಡುಕಿದರೆ ಸಿಗುತ್ತದೆ. ಸಂಜೆಯ ಹೊತ್ತಿಗೆ ಜಾಡಿ ಗುಳುಗುಳು ಅಂದಿತು. ವಾರದಲ್ಲಿ ಮುಚ್ಚಳದ ಮೇಲೆ ಕಲ್ಲು ಹೇರಬೇಕಾಯಿತು. ಬ್ರಸ್ಕಾ ಬಂದು ಮೂಸಿ ನೋಡಿ ಸೊಸೆಯ ಕೆನ್ನೆ ತಟ್ಟಿದಳು. "ಈಗ ನೀನು ನಮ್ಮನೇವಳು ಕಣೆ."

ನಲವತ್ತು ದಿನ ತುಂಬಿ, ಮುರ್ಸಿನ ರುಚಿ ನೋಡುವ ಬಾಯಿಹಬ್ಬದ ದಿನ ನೂರಾರು ಜಾಡಿಗಳನ್ನು ಕೆರೆಯ ದಂಡೆಯಲ್ಲಿ ಸಾಲಾಗಿಟ್ಟರು. ಹಿರಿಯ ರುಚಿಗಾರ ಗುರ್ದಾನ್ ಹೊಟ್ಟೆಯನ್ನು ಮುಂದೆ ಕಳಿಸಿ ತಾನು ಹಿಂದೆ ಬಂದ. ಅವನ ನಡತೆಯ ಬಗ್ಗೆ ಊರಿನಲ್ಲಿ ಹತ್ತು ಮಾತಿದ್ದರೂ ಅವನ ನಾಲಿಗೆ ತಪ್ಪಿದ್ದನ್ನು ಯಾರೂ ಕಂಡಿರಲಿಲ್ಲ. ಒಂದು ಜಾಡಿಗೆ, "ಆಸ್ತಿ ಜಗಳ, ಉಪ್ಪು ಜಾಸ್ತಿ," ಅಂದ. ಇನ್ನೊಂದಕ್ಕೆ, "ನಾದಿನಿ ಮೇಲೆ ಹೊಟ್ಟೆಕಿಚ್ಚು, ಪರವಾಗಿಲ್ಲ," ಅಂದ. ಯೆಂದ್ರಾಳ ಜಾಡಿಗೆ ಬೆರಳದ್ದಿ ನಾಲಿಗೆಗೆ ಇಟ್ಟವನು ಕಣ್ಣು ಮುಚ್ಚಿಕೊಂಡ. ಮತ್ತೊಮ್ಮೆ ಅದ್ದಿದ.

"ಮೊದಲನೇ ಎಲೆ!"

ಬ್ರಸ್ಕಾ ಊರುಗೋಲು ಎತ್ತಿ ಕೇಕೆ ಹಾಕಿದಳು. ಯೆಂದ್ರಾ ಅಲ್ಲೇ ಕೂತುಬಿಟ್ಟಳು. ಮನೆ ಉಳಿಯಿತು.

"ಹೆಂಗಸಿನ ಸಿಟ್ಟು ಮೇಲುಗಡೆ ಇದೆ," ಅಂತ ಗುರ್ದಾನ್ ಬೆರಳು ಚೀಪುತ್ತ ಮುಂದುವರಿಸಿದ. "ಖಾರ ಇದೆ, ಗದ್ದಲ ಜಾಸ್ತಿ. ಅಷ್ಟರಿಂದಲೇ ಆಗಿದ್ರೆ ಹತ್ತನೇ ಎಲೆ ಸಿಗ್ತಿತ್ತು. ತಳದಲ್ಲಿ ಗಂಡಸಿನದೊಂದು ಮಾತಿದೆ ನೋಡಿ. ಒಂದೇ ಮಾತು. ಬಹಳ ಹಳೇದು, ಚೆನ್ನಾಗಿ ಮಾಗಿದೆ. ಆಹಾ! ಈ ಜಾಡಿ ಗೆದ್ದಿರೋದು ಅದರಿಂದ."

ಯೆಂದ್ರಾ ತಿರುಗಿ ನೋಡಿದಳು. ತೋಮೆಲ್ ಕಿವಿಯವರೆಗೂ ಕೆಂಪಾಗಿದ್ದ.

ಗೆದ್ದ ಜಾಡಿಯ ಮುರ್ಸನ್ನು ಊರಿಗೆಲ್ಲ ಬಡಿಸುವ ಪಂಕ್ತಿಯಲ್ಲಿ ಕೂತಾಗ ಅವಳು ಮೆಲ್ಲಗೆ ಕೇಳಿದಳು, "ನೀನೂ ಬೈದ್ಯಾ?"

"ಕೊನೇ ದಿನ. ಒಂದೇ ಸಲ ಕಣೆ. ಮನೆ ಉಳೀಬೇಕು ಅಂತ ನೀನು ಎರಡು ವರ್ಷ ಅತ್ತಿದ್ದೆ ಅಲ್ವಾ, ಅದಕ್ಕೆ."

"ಎಷ್ಟು ದಿನದಿಂದ ಇತ್ತು ಅದು ನಿನ್ನ ಮನಸ್ಸಲ್ಲಿ?"

ತೋಮೆಲ್ ರೊಟ್ಟಿ ಮುರಿದು, ದೊಡ್ಡ ತುಂಡನ್ನು ಎಂದಿನಂತೆ ಅವಳ ಎಲೆಗೆ ಹಾಕಿದ. "ಮದುವೆಯಾದಾಗಿನಿಂದ," ಅಂದ.

"ಏನಂದೆ ಹೇಳೋ."

"ಕೇಳಬಾರದು ಯೆಂದ್ರಾ. ತಿನ್ನು, ತಣ್ಣಗಾಗತ್ತೆ."

ಸುತ್ತ ಊರಿಗೆ ಊರೇ ಅವನ ಆ ಒಂದು ಮಾತನ್ನು ರೊಟ್ಟಿಗೆ ಹಚ್ಚಿಕೊಂಡು, ಆಹಾ ಅನ್ನುತ್ತ, ಬೆರಳು ನೆಕ್ಕುತ್ತಿತ್ತು. ಯೆಂದ್ರಾ ಒಂದು ತುತ್ತು ತಿಂದಳು, ಕಣ್ಣು ಮುಚ್ಚಿ ನಿಧಾನಕ್ಕೆ ಇನ್ನೊಂದು ತಿಂದಳು. ತುಂಬ ರುಚಿಯಾಗಿತ್ತು. ಆ ಮಾತು ಏನೆಂದು ಮಾತ್ರ ತಿಳಿಯಲಿಲ್ಲ.