ಶಾಲು ಹೊದಿಸಿದ ಕುತ್ತಿಗೆ

“ಆ ತೂತು ಮುಚ್ಕೊಳೋ ಬೋಳಿಮಗ್ನೆ. ಜನ ಬಿರಿಯಾನಿ ತಿಂದ್ಬಂದವ್ರೆ, ಕಕ್ಕೊಂಡ್ಬಿಟ್ಟಾರು.”

ಕ್ಲಬ್ಬಿನ ಅಧ್ಯಕ್ಷ ಮುನಿರಾಜಪ್ಪ ಹಲ್ಲು ಕಚ್ಚಿ ಇಷ್ಟು ಹೇಳಿ, ಫೋಟೋದವನ ಕಡೆ ನಕ್ಕು, ಶೌಕತ್‌ಗೆ ಶಾಲು ಹೊದಿಸಿದ. ಅದರ ಮೇಲೆ ಸುಗಂಧರಾಜದ ಹಾರ ಬಿತ್ತು. ಶೌಕತ್ ಎರಡನ್ನೂ ಕೆಳಕ್ಕೆ ಜಗ್ಗಿದ. ಕ್ಯಾನ್ಸರ್ ಎಂದು ಗಂಟಲಿನ ಧ್ವನಿಪೆಟ್ಟಿಗೆ ತೆಗೆದ ಮೇಲೆ ಅವನು ಉಸಿರಾಡುತ್ತಿದ್ದದ್ದು ಕುತ್ತಿಗೆಯ ಆ ತೂತಿನಿಂದಲೇ.

“ಅಲ್ಲಿ ಮುಚ್ಬೇಡಿ ಸಾರ್, ಉಸ್ರು ಅಲ್ಲೇ ಇರೋದು,” ಎಂದಳು ಪಕ್ಕದಲ್ಲಿದ್ದ ಹೆಂಡತಿ ನೂರ್ಜಹಾನ್.

“ಸುಮ್ಕಿರಮ್ಮ. ಸನ್ಮಾನ ನಡೀತಾ ಐತೆ.”

ಶಿವಾಜಿನಗರದ ಈ ಮೈದಾನದಲ್ಲಿ ಶೌಕತ್ ಹರೆಯವೆಲ್ಲ ಗೋಲು ಕಾದಿದ್ದ. ಆಗಲೂ ಟೂರ್ನಮೆಂಟ್ ಪಾನ್ ಮಸಾಲಾ ಕಂಪನಿಯದೇ. ವಿರಾಮದಲ್ಲಿ ಕಿತ್ತಳೆ ಹಣ್ಣಿನ ಜೊತೆ ಪೊಟ್ಟಣ ಪುಕ್ಕಟೆ. ಈಗ ಅವನು ಇಲ್ಲಿಯ ವಾಚ್‌ಮನ್. ಗ್ಯಾಲರಿಯ ಕೆಳಗಿನ ಕೋಣೆಯಲ್ಲಿ ಸಂಸಾರ. ಬಿಡುವಾದಾಗ ಶಾಲೆಗಳ ಗೇಟಿನ ಮುಂದೆ ನಿಂತು ಕುತ್ತಿಗೆಯ ಬಟ್ಟೆ ಸರಿಸಿ ತೋರಿಸುತ್ತಿದ್ದ. ಮಕ್ಕಳು ಓಡುತ್ತಿದ್ದರು. ಕೆಲವರು ಪೊಟ್ಟಣ ಎಸೆದು ಓಡುತ್ತಿದ್ದರು.

ಇಂದಿನ ಫೈನಲ್‌ನಲ್ಲೂ ಎರಡೂ ತಂಡಗಳ ಎದೆಯ ಮೇಲೆ ಅದೇ ಮಸಾಲಾದ ಹೆಸರು. ಅದನ್ನು ತೆಗೆಸಿ ಎಂದು ಗಂಡನ ಪರವಾಗಿ ನೂರ್ಜಹಾನ್ ಮಾತಾಡಲು ಮುನಿರಾಜಪ್ಪ ಒಪ್ಪಿದ ಮೇಲೆಯೇ ಶೌಕತ್ ವೇದಿಕೆ ಹತ್ತಿದ್ದ.

ಅವಳು ಮೈಕಿಗೆ ಕೈ ಚಾಚಿದಳು.

“ಎಲ್ಲಿಗ್ ಬಂದೆ?”

“ಮಾತಾಡಕ್ಕೆ ಬಿಡ್ತೀನಿ ಅಂದಿದ್ರಲ್ಲ ಸಾರ್.”

“ಮೂಗಂಗೆ ಲಾಯರಮ್ಮ ಬೇರೆ. ಕಂಪ್ನಿ ಬಗ್ಗೆ ಒಂದ್ ಮಾತು ಬಂದ್ರೂ ನಾಳೆ ರೂಮ್ ಖಾಲಿ. ನಿನ್ ಪಾತ್ರೆ ಪಗಡ ಎಲ್ಲ ರೋಡಲ್ಲಿರ್ತವೆ.”

ಅವಳ ಕೈ ಅಲ್ಲೇ ನಿಂತಿತು. ಅವರ ಬೆನ್ನ ಹಿಂದೆ ವಿರಾಮ ಮುಗಿದು ಆಟ ಮತ್ತೆ ಶುರುವಾಗಿತ್ತು.

ಶೌಕತ್ ಹಾರ ತೆಗೆದು ಕುರ್ಚಿಯ ಮೇಲಿಟ್ಟ. ಶಾಲನ್ನು ಜಾರಲು ಬಿಟ್ಟ. ಜೇಬಿನಿಂದ ವಾಚ್‌ಮನ್ ಕೆಲಸದ ಸೀಟಿ ತೆಗೆದ.

“ನಕ್ಕೋ ಜೀ,” ನೂರ್ಜಹಾನ್ ಬೇಡವೆಂದು ತಲೆಯಾಡಿಸಿದಳು.

ಮನೆಯಲ್ಲಿ ಅವಳನ್ನು ಕರೆಯುವಾಗ ಮಾಡುವಂತೆಯೇ ಅವನು ಸೀಟಿಯನ್ನು ಕುತ್ತಿಗೆಯ ತೂತಿಗೆ ಒತ್ತಿ ಹಿಡಿದು ಊದಿದ.

ಆಟಗಾರರ ಕಾಲುಗಳು ನಿಂತವು. ಚೆಂಡು ತಾನಾಗಿ ಉರುಳಿ ಗೆರೆ ದಾಟಿತು. ರೆಫರಿ ತನ್ನ ಕೈಯಲ್ಲಿದ್ದ ಸೀಟಿಯನ್ನು ನೋಡಿಕೊಂಡ. ಮೈದಾನವೆಲ್ಲ ವೇದಿಕೆಯತ್ತ ತಿರುಗಿತು.

ನೂರ್ಜಹಾನ್ ಮೈಕು ಕಿತ್ತುಕೊಂಡಳು. “ಇವರ ಗಂಟ್ಲು ತಿಂದಿದ್ದು ನಿಮ್ ಎದೆ ಮೇಲಿರೋ ಹೆಸ್ರೇ ಮಕ್ಳೇ, ಆ ಅಂಗಿ...”

ಯಾರೋ ವೈರ್ ಎಳೆದರು. ಅವಳ ದನಿ ಮೊದಲ ಸಾಲಿನವರಿಗೂ ಕೇಳದಾಯಿತು.

ಸೀಟಿ ಮಾತ್ರ ಕೇಳುತ್ತಿತ್ತು.

“ಆ ನನ್ಮಗನ್ ಬಾಯ್ ಮುಚ್ಸ್ರೋ,” ಮುನಿರಾಜಪ್ಪ ಕಿರುಚಿದ.

ಅವನ ಹಿಂದೆ ಮುಂದೆ ಓಡಾಡುವ ಶಾಹಬಾಜ್ ಜಿಗಿದು ಬಂದ. ಚೆಂಡು ಹಿಡಿಯುವುದನ್ನು ಅವನ ಕೈಗಳಿಗೆ ಕಲಿಸಿದ್ದು ಶೌಕತ್. ಆ ಕೈ ಈಗ ಶೌಕತ್‌ನ ಬಾಯಿ, ಮೂಗುಗಳನ್ನು ಸೇರಿಸಿ ಅದುಮಿತು. ಬೆರಳ ತುದಿಗಳು ಮಸಾಲಾ ತಿಂದು ತಿಂದು ಕೆಂಪಾಗಿದ್ದವು. ಶಾಹಬಾಜ್ ಇನ್ನೂ ಬಿಗಿಯಾಗಿ ಅದುಮಿದ.

ಸೀಟಿ ಕೂಗುತ್ತಲೇ ಇತ್ತು.