ನನ್ನ ಮಗಳ ಇನ್ನೊಬ್ಬ ಅಮ್ಮ

ನಾನು ಶಾಲೆಗೆ ಹೋಗುತ್ತಿದ್ದಾಗ ನಟಿ ರಿಮ್ಮಾ ಗ್ಲೆಬೊವ್ನಾ ಸಿನಿಮಾ ಪರದೆಯ ಮೇಲೆ ಟ್ರ್ಯಾಕ್ಟರ್ ಓಡಿಸುತ್ತಿದ್ದಳು. ನನ್ನ ಮದುವೆಯ ಹೊತ್ತಿಗೆ ಕಾಡಿನಲ್ಲಿ ಅಡಗಿ ಜರ್ಮನರ ರೈಲು ಉರುಳಿಸುತ್ತಿದ್ದಳು. ನನಗೆ ಉಲ್ಯಾ ಹುಟ್ಟಿದ ವರ್ಷ ವಿಜ್ಞಾನಿಯಾಗಿ ಇಬ್ಬರು ಗಂಡಸರು ಅಳುವಂತೆ ಮಾಡಿದಳು. ನನ್ನ ಗಂಡ ಗೆನಾ ಅವಳ ಚಿತ್ರವಿದ್ದ ಅಂಚೆ ಕಾರ್ಡನ್ನು ಗಾಜಿನ ಕಪಾಟಿನಲ್ಲಿ ನಮ್ಮ ಮದುವೆಯ ಫೋಟೋಗೆ ಒರಗಿಸಿಟ್ಟಿದ್ದ. ಧೂಳು ಒರೆಸುವಾಗಲೆಲ್ಲ ನಾನು ಅದನ್ನು ಹಿಂದಕ್ಕೆ ತಳ್ಳುತ್ತಿದ್ದೆ. ಸಂಜೆ ನೋಡಿದರೆ ಮತ್ತೆ ಮುಂದೆ ಬಂದಿರುತ್ತಿತ್ತು.

"ಟ್ರಾಮ್ ಹೋದಾಗ ಕಪಾಟು ಅಲುಗಾಡತ್ತೆ ಕಣೆ," ಅನ್ನುತ್ತಿದ್ದ ಗೆನಾ.

"ಟ್ರಾಮಿಗೂ ಅವಳೇ ಬೇಕು ಅನ್ನು."

ಅಷ್ಟೇ ಆಗಿದ್ದರೆ ಸಹಿಸಬಹುದಿತ್ತು. ಉಲ್ಯಾಗೆ ಒಂಬತ್ತು ತುಂಬಿದ ಚಳಿಗಾಲ ಸಿನಿಮಾ ಸ್ಟುಡಿಯೋದವರು ಲೆನಿನ್‌ಗ್ರಾಡಿನ ಶಾಲೆಗಳನ್ನೆಲ್ಲ ಸುತ್ತಿ ಇವಳನ್ನು ಆರಿಸಿದರು. ರಿಮ್ಮಾಗೆ ಈಗ ತಾಯಿಯ ಪಾತ್ರಗಳು ಬರುವ ವಯಸ್ಸು. ಅವಳ ಮಗಳಾಗಿ ನನ್ನ ಮಗಳು.

ವಾರ ಕಳೆಯುವುದರೊಳಗೆ ಉಲ್ಯಾಳ ಮಾತಿನಲ್ಲಿ ಊಟದ ಮೇಜಿಗೂ ಅವಳು ಬಂದು ಕೂತಳು.

"ರಿಮ್ಮಮ್ಮ ಚಹಾಕ್ಕೆ ಸಕ್ಕರೆ ಹಾಕ್ಕೊಳ್ಳಲ್ಲ, ಗೊತ್ತಾ? ಗಂಟಲು ಕೆಡತ್ತಂತೆ."

"ನಿಂಗಿರೋದು ಒಬ್ಳೇ ಅಮ್ಮ. ಸೂಪ್ ಕುಡಿ."

"ರಿಮ್ಮಮ್ಮನಿಗೆ ಎಲೆಕೋಸಿನ ಸೂಪ್ ಸೇರಲ್ಲ."

ಗೆನಾ ಪತ್ರಿಕೆಯ ಹಿಂದೆ ನಕ್ಕ. ಅವನ ತಟ್ಟೆಗೆ ನಾನು ಎರಡನೇ ಸಲ ಬಡಿಸಲಿಲ್ಲ.

ಎಲ್ಲ ಚೆನ್ನಾಗಿಯೇ ನಡೆದು, ಬೀಳ್ಕೊಡುವ ದೃಶ್ಯದಲ್ಲಿ ನಿಂತುಹೋಯಿತು. ಯುದ್ಧದ ಕಾಲ, ತಾಯಿ ಮಗಳನ್ನು ದೂರದೂರಿಗೆ ರೈಲು ಹತ್ತಿಸಬೇಕು. ಹೊರಡುವ ಮುನ್ನ, ಪ್ರಯಾಣ ಒಳ್ಳೆಯದಾಗಲೆಂದು ನಮ್ಮೆಲ್ಲರ ಮನೆಯಲ್ಲಿ ಕೂರುವಂತೆ, ಇಬ್ಬರೂ ಪೆಟ್ಟಿಗೆಯ ಮೇಲೆ ಒಂದು ಗಳಿಗೆ ಕೂರುತ್ತಾರೆ. ಹಾಗೆ ಕೂತು ರಿಮ್ಮಾ ತನ್ನ ಜೇನಿನಂಥ ದನಿಯಲ್ಲಿ ಮಾರುದ್ದ ಮಾತಾಡಬೇಕು, ಉಲ್ಯಾ ಅಳಬೇಕು. ಉಲ್ಯಾ ರೇಡಿಯೋ ಕೇಳುವವಳಂತೆ ಬಾಯಿ ತೆರೆದು ಕೂತಳು. ಎಷ್ಟು ಸಲ ತೆಗೆದರೂ ಅಷ್ಟೇ.

"ನಾಳೇನೂ ಹೀಗೇ ಆದ್ರೆ ಬೇರೆ ಹುಡುಗೀನ ನೋಡ್ತೀನಿ," ಎಂದ ನಿರ್ದೇಶಕ ಸಾವ್ವಾ ಲ್ವೋವಿಚ್, ಮಗಳ ಜೊತೆ ಬಂದಿದ್ದ ನನಗೆ. ಉಲ್ಯಾಗೂ ಕೇಳಿಸಿತು. ಅವಳು ಬೂಟಿನ ಲೇಸು ಬಿಚ್ಚಿ ಕಟ್ಟುತ್ತ ತಲೆಯೆತ್ತಲಿಲ್ಲ.

ಬದಲಾಯಿಸಿದರೆ ನನ್ನ ಮಗಳು ನನಗೆ ವಾಪಸು ಬರುತ್ತಾಳೆ. ಆದರೆ ಆ ಬಗ್ಗಿದ ತಲೆ ನೋಡಲಾಗಲಿಲ್ಲ. ರಿಮ್ಮಾಳ ಮೇಕಪ್ ಕೋಣೆಗೆ ಹೋದೆ. ಒಂದೇ ಏಟಿಗೆ ಆ ಜೇನಿನ ದನಿಯನ್ನೂ ಅವಳಿಂದ ಕಿತ್ತುಕೊಳ್ಳುವ ಆಸೆಯಿತ್ತು.

"ಹೊರಡೋಕೆ ಮುಂಚೆ ಕೂತಾಗ ಯಾರಾದ್ರೂ ಮಾತಾಡ್ತಾರಾ, ರಿಮ್ಮಾ ಗ್ಲೆಬೊವ್ನಾ? ನಿಮ್ಮನೇಲಿ ಮಾತಾಡ್ತೀರಾ?"

"ನಮ್ಮನೇಲಿ ಕೂರೋರು ಯಾರಮ್ಮಾ. ಕೆಳಗೆ ಕಾರು ಹಾರ್ನ್ ಹೊಡೀತಿರತ್ತೆ, ನಾನು ಓಡ್ತಿರ್ತೀನಿ." ಕನ್ನಡಿಯಲ್ಲೇ ನನ್ನನ್ನು ನೋಡಿದಳು. "ನೀನೇನು ಮಾಡ್ತೀಯ, ತೈಸಿಯಾ?"

ಹೇಳಬಾರದು ಅನಿಸಿತು. ಹೇಳಿದೆ.

"ಸುಮ್ನೆ ಕೂರ್ತೀನಿ. ಎದ್ಮೇಲೆ ಹೆಬ್ಬೆರಳು ಒದ್ದೆ ಮಾಡ್ಕೊಂಡು ಅವಳ ಹುಬ್ಬು ತೀಡ್ತೀನಿ. ಎಡಗಡೇದು ಯಾವಾಗ್ಲೂ ಕೆದರಿರತ್ತೆ. ದಿನಾ ಶಾಲೆಗೆ ಕಳಿಸೋವಾಗ್ಲೂ ಅಷ್ಟೇ."

"ಎಲ್ಲಿ, ತೋರ್ಸು," ಎಂದು ಮುಖ ಒಡ್ಡಿದಳು.

ಊರೆಲ್ಲ ನೋಡಿದ ಆ ಹುಬ್ಬನ್ನು ತೀಡಿದೆ. ಹೆಬ್ಬೆರಳಿಗೆ ಕಪ್ಪು ಅಂಟಿತು.

ಮರುದಿನ ರಿಮ್ಮಾ ಈ ದೃಶ್ಯಕ್ಕೆ ಮಾತು ಬೇಡವೆಂದಾಗ ಸಾವ್ವಾ ಲ್ವೋವಿಚ್ ಹಾರಾಡಿದ. "ಇಷ್ಟು ವರ್ಷ ಮಾತಾಡಿದೀನಿ ಸಾವ್ವಾ, ಇದೊಂದ್ಸಲ ಬಾಯಿ ಮುಚ್ಕೊಂಡಿರ್ತೀನಿ ಬಿಡು," ಅಂದಳು ರಿಮ್ಮಾ.

ಇಬ್ಬರೂ ಕೂತರು. ಯಾರೂ ಕೆಮ್ಮಲಿಲ್ಲ. ರಿಮ್ಮಾ ಎದ್ದಳು, ಹೆಬ್ಬೆರಳನ್ನು ತುಟಿಗೆ ಒತ್ತಿಕೊಂಡಳು, ಎಡಹುಬ್ಬನ್ನು ತೀಡಿದಳು. ಉಲ್ಯಾ "ಅಮ್ಮಾ" ಎಂದು ಅವಳ ಹೊಟ್ಟೆಯಲ್ಲಿ ಮುಖ ಹುದುಗಿಸಿ ಬಿಕ್ಕಿದಳು. ಮಗಳ ಕೋಟು ಹಿಡಿದು ನಾನು ದೀಪಗಳ ಹಿಂದೆ ನಿಂತಿದ್ದೆ. ಅವಳು ಈ ಕಡೆ ತಿರುಗಲಿಲ್ಲ.

ಅವತ್ತಿನಿಂದ ನಾನು ಅವಳ ಹುಬ್ಬು ಮುಟ್ಟಲಿಲ್ಲ. ಟೋಪಿ ಎಳೆದು ಶಾಲೆಗೆ ಕಳಿಸಿಬಿಡುತ್ತಿದ್ದೆ.

ಶರತ್ಕಾಲದಲ್ಲಿ ಚಿತ್ರ ಬಂತು. ಆ ದೃಶ್ಯದಲ್ಲಿ ಹೆಂಗಸರೆಲ್ಲ ಕೈಚೀಲದಲ್ಲಿ ಕರವಸ್ತ್ರ ಹುಡುಕಿದರು. ಗೆನಾ ನನ್ನ ಕರವಸ್ತ್ರವನ್ನೇ ಕಿತ್ತುಕೊಂಡ. "ಎಂಥಾ ತಾಯಿ ಅಲ್ವೇನೆ," ಎಂದ. ಇಷ್ಟು ದೀರ್ಘ ನಟನಾ ಬದುಕಿನಲ್ಲಿ ರಿಮ್ಮಾ ಗ್ಲೆಬೊವ್ನಾ ಬಾಯಿಬಿಡದೆ ಗೆದ್ದದ್ದು ಇದೇ ಮೊದಲು ಎಂದು ಪತ್ರಿಕೆಗಳು ಬರೆದವು. ಪ್ರಶಸ್ತಿಯೂ ಬಂತು.

ಪ್ರಶಸ್ತಿ ಬಂದ ಮರುದಿನ ಬೆಳಿಗ್ಗೆ ಬಾಗಿಲಲ್ಲಿ ಉಲ್ಯಾಳನ್ನು ನಿಲ್ಲಿಸಿಕೊಂಡು ಹುಬ್ಬು ತೀಡಿದೆ. ಅವಳು ನಕ್ಕಳು.

"ನೀನೂ ರಿಮ್ಮಮ್ಮನ ಹಾಗೇ ಮಾಡ್ತೀಯಲ್ಲ."

"ಅವಳು ಯಾರಿಂದ ಕಲಿತಳು ಕೇಳು."

"ಅವರು ದೊಡ್ಡ ನಟಿ ಅಮ್ಮ. ಅವರ್ಯಾಕೆ ಯಾರಿಂದಾದ್ರೂ ಕಲೀತಾರೆ?"

ನಾನು ಹೆಬ್ಬೆರಳನ್ನು ಮತ್ತೆ ಒದ್ದೆ ಮಾಡಿಕೊಂಡು ರಿಮ್ಮಾ ಮುಟ್ಟಿರದ ಅವಳ ಬಲಹುಬ್ಬನ್ನೂ ತೀಡಿದೆ. ಅದು ಕೆದರಿರಲಿಲ್ಲ.