ಮಾಸೂರಿನಲ್ಲಿ ಉಳಿದ ಶಾವಿಗೆ ಮಷಿನ್

ದುಂಡಸಿಯ ಉಡಚವ್ವ ಮಗಳ ಮದುವೆಯ ಆಲ್ಬಮ್ಮನ್ನು ಬಚ್ಚಲ ಒಲೆಗೆ ಹಾಕಿದ ದಿನ ಮನೆಯವರಿಗೆಲ್ಲ ಭರ್ಜರಿ ಬಿಸಿನೀರು ಸಿಕ್ಕಿತು. ಜೊತೆಗಿದ್ದ ಮದುವೆ ವಿಡಿಯೋದ ಪೆನ್‌ಡ್ರೈವನ್ನೂ ಆಕೆ ಬಿಡಲಿಲ್ಲ. ಮಗಳು ಸುಜಾತಾಗೆ ವಿಚ್ಛೇದನವಾಗಿ ಮೂರು ತಿಂಗಳಾಗಿತ್ತು. "ಕೆಟ್ಟ ಸಂಬಂಧದ ಗುರ್ತು ಮನ್ಯಾಗ ಇರಬಾರದು" ಎಂಬುದು ಉಡಚವ್ವನ ವಾದ. ಸಿಟ್ಟಿನಲ್ಲಿ ಕೊಯ್ದುಕೊಂಡ ಮೂಗು ಶಾಂತವಾದ ಮೇಲೆ ಬರುವುದಿಲ್ಲ ಎನ್ನುತ್ತಾರೆ. ಆದರೆ ಸಿಟ್ಟು ಬಂದಾಗ ಗಾದೆ ಯಾರಿಗೆ ನೆನಪಿರುತ್ತದೆ?

ಸುಜಾತಾ ಮಾಸೂರಿನ ಗಂಡನ ಮನೆಯಿಂದ ಉಟ್ಟ ಸೀರೆಯಲ್ಲೇ ಬಂದಿದ್ದಳು. ಅಜ್ಜಿ ಕೊಟ್ಟ ಬಂಗಾರದ ಗುಂಡಿನ ಸರ ಬೋರಮಾಳ, ತಾಮ್ರದ ಹಂಡೆ, ಸೋದರಮಾವ ನೀಲಪ್ಪ ಕೊಡಿಸಿದ ಕರೆಂಟಿನ ಶಾವಿಗೆ ಮಷಿನ್, ಎಲ್ಲ ಅಲ್ಲೇ ಉಳಿದಿದ್ದವು. ಆ ಮಷಿನ್ ಕೈಯಲ್ಲಿದ್ದರೆ ಸುಜಾತಾ ಯಾರ ಹಂಗಿಲ್ಲದೆ ಬದುಕುತ್ತಿದ್ದಳು. ಈಗ ದಿನಾ ಬಸ್ಸು ಹತ್ತಿ ಶಿಗ್ಗಾಂವಿಗೆ ಹೋಗಿ ಬೇರೆಯವರ ಮಷಿನ್ನಿನಲ್ಲಿ ಕೂಲಿಗೆ ಶಾವಿಗೆ ಒತ್ತುತ್ತಿದ್ದಳು. ಅತ್ತ ಮಾಸೂರಿನಲ್ಲಿ ಆಕೆಯ ಮಷಿನ್ನಿನಿಂದ ಅತ್ತೆ ಗಳಿಸುತ್ತಿದ್ದಳು.

ಇದನ್ನು ಕೇಳಿ ಪಕ್ಕದ ಮನೆಯ ವಿದ್ಯಾಗೆ ತಡೆಯಲಾಗಲಿಲ್ಲ. ಆಕೆ ಶಿಗ್ಗಾಂವಿ ಕೋರ್ಟಿನ ಕಾನೂನು ಸೇವಾ ಸಮಿತಿಯಲ್ಲಿ ಸ್ವಯಂಸೇವಕಿ. ಒಂದು ಸಂಜೆ ಬಂದು ಕಟ್ಟೆಯ ಮೇಲೆ ಕುಳಿತಳು.

"ದೊಡ್ಡವ್ವಾ, ಸುಜಾತಾನ ಸಾಮಾನು ಯಾಕ ಕೇಳವಲ್ರಿ?"

"ಬಿಡವ್ವಾ. ಉಡಿ ತುಂಬಿ ಕೊಟ್ಟಿದ್ದನ್ನ ಹೊಳ್ಳಿ ಕೇಳಿದ್ರ ಮಂದಿ ನಗ್ತಾರ. ಸೋಡಚೀಟಿ ಆತು, ಗಂಡ-ಹೆಂಡ್ತಿ ಋಣ ಹರೀತು."

"ಉಡಿ ಯಾರದು ತುಂಬಿದ್ರಿ?"

"ಇದೇನು ಕೇಳ್ತಿ? ನನ್ನ ಮಗಳದು!"

"ಮತ್ತ ಆ ಉಡ್ಯಾಗಿಂದು ಹುಲಗೇಶಂದು ಹೆಂಗಾತ್ರಿ?"

ಹುಲಗೇಶ ಎಂದರೆ ಮಾಜಿ ಅಳಿಯ. ಉಡಚವ್ವ ಸರಿದು ವಿದ್ಯಾಳ ಹತ್ತಿರ ಕುಳಿತಳು.

ವಿದ್ಯಾ ಬಿಡಿಸಿ ಹೇಳಿದಳು: "ಮದವ್ಯಾಗ ಹುಡುಗಿಗೆ ಅಂತ ತವರಿನವ್ರು ಕೊಡ್ಲಿ, ಬೀಗರು ಕೊಡ್ಲಿ, ಗೆಳತ್ಯಾರು ಕೊಡ್ಲಿ, ಅದು ಆಕೀ ಆಸ್ತಿ. ಕಾನೂನಿನ್ಯಾಗ ಸ್ತ್ರೀಧನ ಅಂತಾರ. ಗಂಡನ ಮನ್ಯಾಗ ಇಟ್ಟ ಮಾತ್ರಕ್ಕ ಅವರದು ಆಗೂದಿಲ್ಲ. ವಿಚ್ಛೇದನ ಆದ ಮ್ಯಾಲೂ ಕೇಳಬಹುದು. ಕೊಡಂಗಿಲ್ಲ ಅಂದ್ರ ಕೋರ್ಟ್ ಕೊಡಸ್ತೈತಿ."

"ಮಾಸೂರಿಗೆ ಹೋಗಿ ಬಡದಾಡೂದು ನನ್ನ ಕೈಲೆ ಆಗೂದಿಲ್ಲಕ್ಕಾ" ಎಂದಳು ಸುಜಾತಾ.

"ಅಲ್ಲಿಗೆ ಯಾಕ ಹೋಗ್ತಿ? ನೀ ಇರೂದು ಇಲ್ಲಿ. ಶಿಗ್ಗಾಂವಿ ಕೋರ್ಟಿನ್ಯಾಗ ಅರ್ಜಿ ಹಾಕೂಣು."

"ವಕೀಲರ ಫೀ ಯಾರು ಕೊಡ್ತಾರ?" ಉಡಚವ್ವ ಕೇಳಿದಳು.

"ಹೆಣ್ಮಕ್ಕಳಿಗೆ ಸಮಿತಿಯವ್ರು ಪುಕ್ಕಟೆ ವಕೀಲರನ್ನ ಕೊಡ್ತಾರ್ರಿ. ಬಡವರೋ ಸಾವಕಾರರೋ ಅಂತ ಕೇಳೂದಿಲ್ಲ. ಆದ್ರ ಪುರಾವೆ ಬೇಕು. ಬಿಲ್ಲು, ಫೋಟೋ, ಮದುವಿ ವಿಡಿಯೋ ಏನೈತಿ?"

ಸುಜಾತಾ ಅವ್ವನ ಮುಖ ನೋಡಿದಳು. ಅವ್ವ ಬಚ್ಚಲ ಕಡೆ ನೋಡಿದಳು.

ಮಷಿನ್ನಿನ ಬಿಲ್ಲು ನೀಲಪ್ಪನ ಬಳಿ ಸಿಕ್ಕಿತು. ಆದರೆ ಬೋರಮಾಳ ಅಜ್ಜಿಯ ಕಾಲದ್ದು, ಅದಕ್ಕೆಲ್ಲಿಯ ಬಿಲ್ಲು? ಅದನ್ನು ಕೊಟ್ಟ ಅಜ್ಜಿಯೂ ಈಗಿಲ್ಲ. ಉಡಚವ್ವ ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ. ಮೂರನೇ ದಿನ ವಿದ್ಯಾ ತಾಯಿ ಮಗಳಿಬ್ಬರನ್ನೂ ಶಿಗ್ಗಾಂವಿಯ ವಿಡಿಯೋ ಅಂಗಡಿಗೆ ಕರೆದುಕೊಂಡು ಹೋದಳು. ಸುಜಾತಾಳ ಮದುವೆಯ ವಿಡಿಯೋ ತೆಗೆದವನು ಆ ಅಂಗಡಿಯ ಮುಜಮ್ಮಿಲ.

"ನಾ ಯಾರ ಮದುವಿನೂ ಅಳಸೂದಿಲ್ರಿ ಅವ್ವಾರ" ಎಂದು ಆತ ಹಳೆಯ ಹಾರ್ಡ್‌ಡಿಸ್ಕ್ ಹುಡುಕಿ ತೆಗೆದ.

ನಮ್ಮ ಕಡೆ ಮದುವೆಯಲ್ಲಿ ಬಂದ ಉಡುಗೊರೆಯನ್ನು ಮೈಕಿನಲ್ಲಿ ಓದಿ ಹೇಳುವ ರೂಢಿ ಗೊತ್ತಲ್ಲ? ಪರದೆಯ ಮೇಲೆ ನೀಲಪ್ಪ ಮೈಕು ಹಿಡಿದು ನಿಂತಿದ್ದ. "ಸುಜಾತಾಗ ಅಕಿ ಅಜ್ಜಿಯಿಂದ ಒಂದು ಬೋರಮಾಳ!" ಅಜ್ಜಿ ತನ್ನ ಕೈಯಾರೆ ಮೊಮ್ಮಗಳ ಕೊರಳಿಗೆ ಅದನ್ನು ಹಾಕುತ್ತಿದ್ದಳು. "ತವರಿನಿಂದ ಸುಜಾತಾಗ ತಾಮ್ರದ ಹಂಡೆ! ಸೋದರಮಾವನಿಂದ ಸುಜಾತಾಗ ಶಾವಿಗಿ ಮಷಿನ್!" ಅವತ್ತು ಉಡಚವ್ವ ತಮ್ಮನನ್ನು ಬೈದಿದ್ದಳು, ಊರ ಮುಂದೆ ಎಷ್ಟು ಜಂಬ ಎಂದು. ಇವತ್ತು ಕಣ್ಣು ಒರೆಸಿಕೊಳ್ಳುತ್ತ ಆ ಪರದೆಗೇ ಹೇಳಿದಳು: "ಒದರೋ ತಮ್ಮಾ, ಇನ್ನೂ ಜೋರಾಗಿ ಒದರೋ!"

ಮುಜಮ್ಮಿಲ ವಿಡಿಯೋದ ಪ್ರತಿ ಕೊಟ್ಟ. ಇದು ತಾನೇ ತೆಗೆದದ್ದು, ಏನೂ ಬದಲಾಯಿಸಿಲ್ಲ ಎಂದು ಸಮಿತಿ ಕೊಟ್ಟ ವಕೀಲರು ಹೇಳಿದಂತೆ ಪ್ರಮಾಣಪತ್ರಕ್ಕೆ ಸಹಿಯನ್ನೂ ಮಾಡಿದ.

ಅರ್ಜಿ ಹಾಕಿದರೂ ಕೆಲಸ ಒಂದೇ ದಿನದಲ್ಲಿ ಆಗಲಿಲ್ಲ. ಹನ್ನೊಂದು ತಿಂಗಳು ಓಡಾಡಬೇಕಾಯಿತು. ಋಣ ಹರಿಯಿತು, ಬಿಡು ಎಂದಿದ್ದ ಉಡಚವ್ವನೇ ಸಾಕ್ಷಿ ಹೇಳಲು ನಿಂತಳು. ಎದುರಿನ ವಕೀಲರು ಕೇಳಿದರು: "ಇವನ್ನೆಲ್ಲ ಅಳಿಯನಿಗೇ ಕೊಟ್ಟಿದ್ದಿರಿ, ಹೌದೋ ಅಲ್ಲೋ?"

"ಅಳಿಯಾಗ ಉಂಗುರ ಕೊಟ್ಟೇವ್ರಿ ಸಾಹೇಬ್ರ. ಅದನ್ನ ನಾವು ಕೇಳಿಲ್ಲ. ಬೋರಮಾಳ ಅಳಿಯ ಹಾಕ್ಕೊಂತಾನೇನ್ರಿ?"

ಕೋರ್ಟಿನಲ್ಲಿದ್ದವರೆಲ್ಲ ನಕ್ಕರು. ಮಂದಿ ನಕ್ಕರೆ ಎಂದು ಹೆದರಿದ್ದ ಉಡಚವ್ವ ಅವತ್ತು ತಾನೂ ನಕ್ಕಳು. ಕೊನೆಗೆ ಆದೇಶ ಸುಜಾತಾಳ ಕಡೆಗೇ ಬಂತು. ಮಾಸೂರಿನಿಂದ ಬೋರಮಾಳವೂ ಮಷಿನ್ನೂ ಬಂದವು. ಹಂಡೆಯನ್ನು ಅವರು ಮಾರಿಬಿಟ್ಟಿದ್ದರು, ಅದಕ್ಕೆ ಬೆಲೆ ಕಟ್ಟಿಕೊಡಬೇಕಾಯಿತು. ಈಗ ಸುಜಾತಾ ಮನೆಯಲ್ಲೇ ಶಾವಿಗೆ ಮಾಡುತ್ತಾಳೆ, ಕೂಲಿಗಾಗಿ ಬಸ್ಸು ಹತ್ತುವುದಿಲ್ಲ.

ಮೊನ್ನೆ ಓಣಿಯ ಸರೋಜವ್ವನ ಮಗಳು ಅಂಕಿತಾಳ ಮದುವೆ. ಉಡಚವ್ವ ಕಾಗದ ಪೆನ್ನು ಹಿಡಿದು ಮೊದಲೇ ಬಂದು ಕುಳಿತಿದ್ದಳು. "ಹುಡುಗಿಗೆ ಏನೇನು ಕೊಟ್ಟಾರ, ಯಾರು ಕೊಟ್ಟಾರ, ಬರೀರಿ. ಮದುಮಗ, ಮದುಮಗಳು ಇಬ್ಬರೂ ಸಹಿ ಹಾಕ್ರಿ."

"ಮಂಗಳ ಕಾರ್ಯದಾಗ ಇದೇನು ಅಪಶಕುನ ಮಾಡ್ತೀಯವ್ವಾ!" ಎಂದರು ಬೀಗರ ಕಡೆಯ ಚನ್ನವೀರಪ್ಪ.

"ವಿಮಾ ಮಾಡಿಸಿದ್ರ ಮನಷ್ಯಾ ಸಾಯ್ತಾನೇನ್ರಿ ಯಜಮಾನ್ರ?"

ಮದುಮಗನೇ ನಗುತ್ತ ಮೊದಲು ಸಹಿ ಹಾಕಿದ. ಅಂಕಿತಾ ಎರಡನೆಯದಾಗಿ ಹಾಕಿದಳು.

ಅಕ್ಕ ತಂಗಿಯರೇ, ನೀವು ಹಾನಗಲ್ಲಿನವರಿರಲಿ, ಸವಣೂರು, ಹಿರೇಕೆರೂರಿನವರಿರಲಿ, ಇದು ನಿಮ್ಮ ಮನೆಯ ಮಾತೂ ಹೌದು. ಮದುವೆಯಲ್ಲಿ ಹುಡುಗಿಗೆ ಬಂದದ್ದನ್ನು ಬರೆದಿಡಿ, ಇಬ್ಬರ ಸಹಿ ಹಾಕಿಸಿ. ಎಷ್ಟೇ ಸಿಟ್ಟು ಬಂದರೂ ಬಿಲ್ಲು, ಫೋಟೋ, ವಿಡಿಯೋ ಸುಡಬೇಡಿ. ಸಂಬಂಧ ಮುರಿದಿದ್ದರೆ ತಡಮಾಡದೆ ನಿಮ್ಮ ತಾಲೂಕಿನ ಕಾನೂನು ಸೇವಾ ಸಮಿತಿಗೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ನೀವು ಅಲ್ಲಿ ಬಿಟ್ಟು ಬಂದದ್ದು ಇಂದಿಗೂ ನಿಮ್ಮದೇ. ನಾಚಿಕೊಳ್ಳಬೇಡಿ, ಕೇಳಿ ತನ್ನಿ.